ಗೋಡೆಯಾಚೆಯ ಮೆಮೊರಿ ಕಳ್ಳ

ಹೊಟ್ಟೆಕಿಚ್ಚು ಸದ್ದಿಲ್ಲದೆ ಬರುತ್ತದೆ ಎಂದು ತಿಳಿದವರು ಹೇಳುತ್ತಾರೆ. ಅವರಿಗೆ ತಿಳಿದದ್ದು ಅಷ್ಟೇ. ನನ್ನದು ಪ್ರತಿದಿನ ಬೆಳಿಗ್ಗೆ ಅಂಗಡಿ ಬಾಗಿಲು ತೆಗೆದ ಸ್ವಲ್ಪ ಹೊತ್ತಿಗೆ "ಟಿಂಗ್" ಎಂದು ಸದ್ದು ಮಾಡಿಕೊಂಡೇ ಬರುತ್ತಿತ್ತು. ಅದು ಪಕ್ಕದ ಅಂಗಡಿಯ ಕಂಪ್ಯೂಟರ್ ಎದ್ದು ಕೂತ ಸದ್ದು. ಆ ಹೊತ್ತಿಗೆ ನನ್ನ ಕಂಪ್ಯೂಟರಿನ ಪರದೆಯ ಮೇಲೆ ಚುಕ್ಕೆಗಳು ದುಂಡಗೆ ಸುತ್ತುತ್ತಿರುತ್ತಿದ್ದವು. ನಾನು ನೀರು ಕುಡಿದು, ಮೇಜು ಒರೆಸಿ, ಕ್ಯಾಮೆರಾದ ಲೆನ್ಸ್ ಒರೆಸಿ, ಒರೆಸಿದ ಮೇಜನ್ನೇ ಇನ್ನೊಮ್ಮೆ ಒರೆಸುವವರೆಗೂ ಸುತ್ತುತ್ತಲೇ ಇರುತ್ತಿದ್ದವು.

ಪಕ್ಕದ ಅಂಗಡಿ ಬೇರೆ ಯಾರದ್ದಾದರೂ ಆಗಿದ್ದರೆ ಸಹಿಸಿಕೊಳ್ಳುತ್ತಿದ್ದೆ. ಅದು ನನ್ನ ಷಡ್ಡಕನದು, ಅಂದರೆ ಹೆಂಡತಿಯ ತಂಗಿಯ ಗಂಡನದು. ಮಾವನವರು ತಮ್ಮ ಒಂದೇ ಮಳಿಗೆಯ ನಡುವೆ ಪ್ಲೈವುಡ್ ಹಲಗೆ ನಿಲ್ಲಿಸಿ ಎಡಭಾಗ ಹಿರಿಯ ಅಳಿಯನಿಗೆ, ಬಲಭಾಗ ಕಿರಿಯ ಅಳಿಯನಿಗೆ ಎಂದು ಹಂಚಿದ್ದರು. ಹಲಗೆ ತಲೆಯ ಎತ್ತರಕ್ಕೆ ಮುಗಿದುಹೋಗಿತ್ತು. ಹೀಗಿದ್ದರೆ ಒಂದೇ ಫ್ಯಾನು ಇಬ್ಬರಿಗೂ ಗಾಳಿ ಕೊಡುತ್ತದೆ ಎನ್ನುವುದು ಅವರ ಲೆಕ್ಕ. ವೈಫೈ ಪೆಟ್ಟಿಗೆಯೂ ಒಂದೇ. ಅದು ಹಲಗೆಯ ನೆತ್ತಿಯ ಮೇಲೆ ಎರಡೂ ಕಡೆಗೆ ಸೇರಿದಂತೆ ಕೂತಿತ್ತು.

ಕಸುಬೂ ಒಂದೇ. ಫೋಟೊ ತೆಗೆಯುವುದು, ಗುರುತಿನ ಕಾರ್ಡು ಮಾಡುವುದು, ಲ್ಯಾಮಿನೇಷನ್. ಇದನ್ನು ಈ ಬೀದಿಗೆ ತಂದವನು ನಾನು. ಷಡ್ಡಕ ಮದುವೆಯಾದ ಹೊಸತರಲ್ಲಿ ಬಂದು, ನನ್ನ ಕುರ್ಚಿಯ ಹಿಂದೆ ನಿಂತು ನೋಡಿ, ಕಸುಬನ್ನು ಎರವಲು ತೆಗೆದುಕೊಂಡ. ಆಮೇಲೆ ಕತ್ತರಿ, ಅಂಟು, ಏಣಿ, ಛತ್ರಿ. ಛತ್ರಿಯನ್ನು ಇನ್ನೂ ವಾಪಸ್ ಕೊಟ್ಟಿಲ್ಲ. ಎಲ್ಲಿಟ್ಟ ಎಂದು ಅವನಿಗೆ ನೆನಪಿಲ್ಲ. ಅವನಿಗೆ ಯಾವುದೂ ನೆನಪಿರುವುದಿಲ್ಲ.

"ಅಣ್ಣ, ಬೆಳಿಗ್ಗೆ ಬಂದಿದ್ರಲ್ಲ ಕನ್ನಡಕದ ಹೆಂಗಸು, ಅವರು ಎಷ್ಟು ಕಾಪಿ ಅಂದಿದ್ರು?" ಎಂದು ಹಲಗೆಯ ಆಚೆಯಿಂದ ಕೇಳುತ್ತಾನೆ.

"ಎಂಟು. ನೀಲಿ ಹಿನ್ನೆಲೆ," ಎಂದು ನನ್ನ ಬಾಯಿ ತಾನಾಗಿಯೇ ಹೇಳಿಬಿಡುತ್ತದೆ.

ಬೀದಿಯವರು ನನ್ನನ್ನು ಡೈರಿ ಎನ್ನುತ್ತಾರೆ. ಒಮ್ಮೆ ಕೇಳಿದ ಹೆಸರು, ಕಂಡ ಮುಖ ನನ್ನ ತಲೆಯಿಂದ ಹೋಗುವುದಿಲ್ಲ. ಅವನನ್ನು ಮಿಂಚು ಎನ್ನುತ್ತಾರೆ. ಡೈರಿ ಒಳ್ಳೆಯ ಹೆಸರೋ ಮಿಂಚು ಒಳ್ಳೆಯ ಹೆಸರೋ ಎಂದು ನಾನು ಎದುರು ಅಂಗಡಿಯ ಟೈಲರನ್ನು ಕೇಳಿದ್ದೆ. ಅವನು ನಕ್ಕು ಅಳತೆ ಟೇಪು ಸುತ್ತಿಕೊಂಡ.

ಹೀಗಿರುವಾಗ ಶಾಲೆಯ ಸುದ್ದಿ ಬಂತು. ಹೊಸದಾಗಿ ಬಂದ ಹೆಡ್‌ಮಿಸ್ ಇಡೀ ಶಾಲೆಗೆ ಗುರುತಿನ ಕಾರ್ಡು ಮಾಡಿಸುತ್ತಾರಂತೆ. ಸಿಕ್ಕವನಿಗೆ ವರ್ಷವರ್ಷವೂ ಅದೇ ಕೆಲಸ. ಅವರು ಖುದ್ದಾಗಿ ಬಂದು ಎರಡೂ ಅಂಗಡಿಗಳನ್ನು ನೋಡಿ, "ಒಬ್ಬೊಬ್ಬರಿಗೆ ಒಂದೊಂದು ತರಗತಿ ಕಳಿಸ್ತೀನಿ. ಫೋಟೊ ತೆಗೆದಿಡಿ. ಶನಿವಾರ ನಾನು ಬಂದು ಕೂತ್ಕೋತೀನಿ. ನನ್ನ ಮುಂದೇನೇ ಕಾರ್ಡು ಮಾಡಿ. ಯಾರದು ಬೇಗ ಆಗತ್ತೋ, ತಪ್ಪಿಲ್ದೆ ಆಗತ್ತೋ, ಅವರಿಗೆ ಆರ್ಡರ್. ಇಬ್ಬರದೂ ಆಗ್ಲಿಲ್ಲ ಅಂದ್ರೆ ಬಸ್ ನಿಲ್ದಾಣದ ಹತ್ರ ದೊಡ್ಡ ಅಂಗಡಿ ಇದೆ," ಎಂದರು.

ತಪ್ಪಿಲ್ಲದೆ ಮಾಡುವುದು ನಾನು. ಬೇಗ ಮಾಡುವುದು ಅವನು. ಅದೇ ದಿನ ನಾನು ನಾದಿನಿಯ ಬಳಿ ಹೋದೆ.

ನಾದಿನಿ, ಅಂದರೆ ಷಡ್ಡಕನ ಹೆಂಡತಿ, ಕಂಪ್ಯೂಟರ್ ಬಿಡಿಭಾಗಗಳ ಅಂಗಡಿಯಲ್ಲಿ ಕೆಲಸ ಮಾಡುತ್ತಾಳೆ. ಒಳ್ಳೆಯವಳು. ನಗುವುದು ಮಾತ್ರ ಜಾಸ್ತಿ.

"ನಿನ್ನ ಗಂಡನ ಕಂಪ್ಯೂಟರಲ್ಲಿ ಯಾವ ಡ್ರೈವಿದೆ?" ಎಂದು ಕೇಳಿದೆ.

"ಎಸ್‌ಎಸ್‌ಡಿನಾ? ನಮ್ಮ ಅಂಗಡೀಲಿ ಎಲ್ಲಕ್ಕಿಂತ ಅಗ್ಗದ್ದು ಭಾವ."

"ಎಲ್ಲಕ್ಕಿಂತ ದುಬಾರಿದು ನನಗೆ ಕೊಡು."

"ಬೇಡ ಭಾವ. ನಿಮ್ಮ ಕಂಪ್ಯೂಟರು ಹಳೇದು. ಅದರೊಳಗಿನ ದಾರಿ ಇಕ್ಕಟ್ಟು. ಎಂಥ ಡ್ರೈವ್ ಹಾಕಿದ್ರೂ ಅದು ತೆವಳ್ಕೊಂಡೇ ಹೋಗಬೇಕು."

ಗಂಡನ ಪರವಾಗಿ ಮಾತಾಡುತ್ತಿದ್ದಾಳೆ ಎಂದು ನನಗೆ ಅರ್ಥವಾಯಿತು. ದುಬಾರಿಯದನ್ನೇ ತಂದು ಹಾಕಿಸಿದೆ. ಮರುದಿನ ಬೆಳಿಗ್ಗೆ ಬೇಗ ಹೋಗಿ, ಗುಂಡಿ ಒತ್ತಿ, ಕೈ ಕಟ್ಟಿ ನಿಂತೆ. ಚುಕ್ಕೆಗಳು ಸುತ್ತತೊಡಗಿದವು. ನಿನ್ನೆಗಿಂತ ಚುರುಕಾಗಿಯೇ ಸುತ್ತಿದವು, ಸುಳ್ಳು ಹೇಳುವುದಿಲ್ಲ. ಅಷ್ಟರಲ್ಲಿ ಷಡ್ಡಕ ಬಂದ, ಬೀಗದ ಕೈ ಎಲ್ಲಿ ಎಂದು ನನ್ನನ್ನು ಕೇಳಿದ, ಅಂಗಿಯ ಜೇಬಲ್ಲಿದೆ ಎಂದೆ, ಬಾಗಿಲು ತೆಗೆದ, ಒಳಗೆ ಹೋದ. ಟಿಂಗ್.

ನನ್ನ ಹೊಟ್ಟೆಯಲ್ಲಿ ಏನೋ ಹೊತ್ತಿಕೊಂಡಿತು. ಉರಿ ಎಂದರೆ ಬರೀ ಮಾತಿಗೆ ಹೇಳುವ ಉರಿಯಲ್ಲ, ಮಜ್ಜಿಗೆ ಕುಡಿದರೂ ಆರದ ಉರಿ. ನೇರವಾಗಿ ನಾದಿನಿಯ ಅಂಗಡಿಗೆ ನಡೆದೆ.

"ಅಗ್ಗದ್ದು ಹೇಗೆ ಓಡತ್ತೆ ಹೇಳು," ಎಂದೆ. "ನಂದಕ್ಕೆ ಸ್ವಂತ ಮೆಮೊರಿ ಇದೆ ಅಂತ ಡಬ್ಬದ ಮೇಲೆ ಬರೆದಿದೆ. ಅವನದಕ್ಕೆ?"

"ಇಲ್ಲ ಭಾವ. ಅದಕ್ಕೇ ಅದು ಅಗ್ಗ." ಅವಳು ಗಿರಾಕಿಯೊಬ್ಬನಿಗೆ ಚಿಲ್ಲರೆ ಕೊಟ್ಟು ನನ್ನ ಕಡೆ ತಿರುಗಿದಳು. "ಡ್ರೈವಿನೊಳಗೆ ಲೆಕ್ಕವಿಲ್ಲದಷ್ಟು ಗೂಡು ಇರತ್ತೆ. ಯಾವ ಫೋಟೊ ಯಾವ ಗೂಡಲ್ಲಿದೆ ಅನ್ನೋಕೆ ಒಂದು ನಕ್ಷೆ ಬೇಕಲ್ಲ? ದುಬಾರಿದು ಆ ನಕ್ಷೆ ಇಟ್ಕೊಳ್ಳೋಕೆ ಅಂತಲೇ ಮೈಮೇಲೆ ಒಂದು ಮೆಮೊರಿ ಚಿಪ್ ಹೊತ್ಕೊಂಡಿರತ್ತೆ. ಅಗ್ಗದ್ದರ ಹತ್ರ ಅದಿಲ್ಲ. ಕಂಪ್ಯೂಟರಿನ ಮೆಮೊರೀಲಿ ಒಂದು ಚಿಕ್ಕ ಮೂಲೆ ಎರವಲು ತಗೊಂಡು, ನಕ್ಷೇಲಿ ಸದ್ಯಕ್ಕೆ ಬೇಕಾದಷ್ಟನ್ನ ಅಲ್ಲಿಟ್ಟು ನೋಡ್ಕೊಳ್ಳತ್ತೆ. ಅಷ್ಟು ಸಿಕ್ಕಿದ್ರೆ ಸಾಕು, ದುಬಾರಿದಕ್ಕೆ ಹೆಚ್ಚು ಕಮ್ಮಿ ಸರಿಸಮ ಓಡತ್ತೆ."

"ಎರವಲು," ಎಂದೆ ನಾನು.

"ಇನ್ನೊಂದು ಉಪಾಯಾನೂ ಇದೆ. ಏನಾದ್ರೂ ಬರೆಯೋಕೆ ಕೊಟ್ರೆ ಮೊದಲು ಬಾಗಿಲ ಹತ್ರ ಇರೋ ಖಾಲಿ ಜಾಗದಲ್ಲಿ ಗುಡ್ಡೆ ಹಾಕಿ, ಆಯ್ತು ಅಂದುಬಿಡತ್ತೆ. ಬಿಡುವಾದಾಗ ಒಳಗೆ ಒತ್ತೊತ್ತಾಗಿ ಜೋಡಿಸತ್ತೆ. ಒಂದೇ ಸಲ ರಾಶಿ ತಂದು ಸುರಿದ್ರೆ ಮಾತ್ರ ಏದುಸಿರು ಬಿಡತ್ತೆ."

"ಥೇಟ್ ನಿನ್ನ ಗಂಡ," ಎಂದೆ. ಅವಳು ನಕ್ಕಳು. ನಾನು ನಗಲಿಲ್ಲ. ಎರವಲು ಎಂಬ ಮಾತು ಕಿವಿಯಲ್ಲಿ ಕೂತುಬಿಟ್ಟಿತ್ತು. ಕಂಪ್ಯೂಟರಿನಿಂದ ಎರವಲು ಎಂದಳು. ಯಾರ ಕಂಪ್ಯೂಟರಿನಿಂದ ಎಂದು ಕೇಳುವ ಅಗತ್ಯವೇ ನನಗೆ ಕಾಣಲಿಲ್ಲ. ಕತ್ತರಿ ಯಾರದು, ಏಣಿ ಯಾರದು, ಛತ್ರಿ ಯಾರದು? ಇಬ್ಬರ ನೆತ್ತಿಯ ಮೇಲೂ ಒಂದೇ ವೈಫೈ ಪೆಟ್ಟಿಗೆ. ನನ್ನ ಯಂತ್ರ ತೆವಳುತ್ತದೆ, ಅವನದು ಓಡುತ್ತದೆ. ಇದಕ್ಕಿಂತ ಸ್ಪಷ್ಟವಾದ ಕಳ್ಳತನವನ್ನು ನಾನು ಜನ್ಮದಲ್ಲಿ ಕಂಡಿರಲಿಲ್ಲ.

ಆದರೂ ನಾನು ನ್ಯಾಯವಂತ. ಸಾಕ್ಷಿಯಿಲ್ಲದೆ ಒಬ್ಬನ ಮೇಲೆ ಆರೋಪ ಹೊರಿಸುವವನಲ್ಲ. ಮಧ್ಯಾಹ್ನ ಸದ್ದಿಲ್ಲದೆ ಸ್ಟೂಲು ಹತ್ತಿ ವೈಫೈ ಪೆಟ್ಟಿಗೆಯ ತಂತಿ ಕಿತ್ತೆ. ಉಸಿರು ಬಿಗಿಹಿಡಿದು ಕಾದೆ.

"ಅಣ್ಣ," ಎಂದಿತು ಆ ಕಡೆ. "ಯಾಕೋ ನಂದು ನಿಂತೇ ಹೋಯ್ತು. ಮೇಲ್ ಬರ್ತಾನೇ ಇಲ್ಲ."

ಸಿಕ್ಕಿಬಿದ್ದ. ಆಮೇಲೆ ಮನೆಯಿಂದ ದಪ್ಪ ಕಂಬಳಿ ತಂದು, ನನ್ನ ಮೆಮೊರಿ ಹೊರಗೆ ಹೋಗದಂತೆ ಕಂಪ್ಯೂಟರಿಗೆ ಬಿಗಿಯಾಗಿ ಹೊದಿಸಿದೆ. ಅದು ಸ್ವಲ್ಪ ಹೊತ್ತಿಗೇ ಬೆಂಕಿಯಂತೆ ಕಾದು ನಿಂತುಹೋಯಿತು. ನಾನು ಕಾವಲು ಹಾಕಿದ್ದು ಗೊತ್ತಾಗಿ ಇದ್ದಬದ್ದದ್ದನ್ನೆಲ್ಲ ಒಮ್ಮೆಗೇ ಹೀರಿದ್ದಾನೆ ಎಂದು ನನಗೆ ಖಚಿತವಾಯಿತು.

"ಹೋದ ತಿಂಗಳು ಅವನ ಕೂದಲು ನಿಮಗಿಂತ ದಟ್ಟ ಅಂತ ಎಣ್ಣೆ ಬದಲಾಯಿಸಿದ್ರಿ. ಈಗ ಕಂಪ್ಯೂಟರಿಗೆ ಕಂಬಳಿನಾ?" ಎಂದಳು ನನ್ನ ಹೆಂಡತಿ. ಅವಳು ಎಷ್ಟಾದರೂ ಆ ಮನೆಯ ಮಗಳು. ನಾನು ಇಂಟರ್ನೆಟ್ ಕಚೇರಿಗೆ ಹೋದೆ.

ದೂರು ವಿಭಾಗದ ಅಧಿಕಾರಿ ತಲೆ ಎತ್ತದೆ, "ಏನು ತೊಂದರೆ?" ಎಂದರು.

"ಕಳವು. ನಿಮ್ಮ ಪೆಟ್ಟಿಗೆ ಮೂಲಕ ನನ್ನ ಮೆಮೊರಿ ಪಕ್ಕದ ಅಂಗಡಿಗೆ ಹೋಗ್ತಿದೆ."

"ಹಾಗೆಲ್ಲ ಹೋಗಲ್ಲ ಸಾರ್. ಸಾಧ್ಯಾನೇ ಇಲ್ಲ."

"ಪಕ್ಕದವನು ನನ್ನ ಷಡ್ಡಕ."

ಅಧಿಕಾರಿ ಪೆನ್ನು ಕೆಳಗಿಟ್ಟು ಮೊದಲ ಬಾರಿಗೆ ನನ್ನ ಮುಖ ನೋಡಿದರು. "ಕೂತ್ಕೊಳ್ಳಿ," ಎಂದು ತಾವೇ ಕುರ್ಚಿ ಎಳೆದುಕೊಟ್ಟರು. ಅವರಿಗೂ ಒಬ್ಬ ಷಡ್ಡಕನಿದ್ದ. ಅವನು ಇವರ ಮನೆಗಿಂತ ಒಂದು ಕೋಣೆ ಹೆಚ್ಚಿರುವ ಮನೆ ಕಟ್ಟಿಸಿದ್ದ. ಆ ಕೋಣೆಯಲ್ಲಿ ಏನೂ ಇಲ್ಲವಂತೆ, ಸುಮ್ಮನೆ ಇದೆಯಂತೆ. ಅಕ್ಕಪಕ್ಕದ ಮೇಜುಗಳಿಂದಲೂ ಇಬ್ಬರು ಎದ್ದು ಬಂದರು. ಒಬ್ಬರ ಷಡ್ಡಕ ತೆಳ್ಳಗಾಗಿದ್ದ. ಇನ್ನೊಬ್ಬರ ಷಡ್ಡಕನನ್ನು ಅತ್ತೆ ಹೆಸರು ಹಿಡಿದು ಕರೆಯುತ್ತಿದ್ದರು, ಇವರನ್ನು ಮಾತ್ರ ಮಗುವಿನ ಅಪ್ಪ ಎನ್ನುತ್ತಿದ್ದರು.

"ನಿಯಮದ ಪ್ರಕಾರ ವೈಫೈ ಮೇಲೆ ಮೆಮೊರಿ ಹೋಗೋಕೆ ಸಾಧ್ಯ ಇಲ್ಲ," ಎಂದರು ಅಧಿಕಾರಿ ಕೊನೆಗೆ ಕಣ್ಣೊರೆಸಿಕೊಂಡು. "ಆದ್ರೆ ಷಡ್ಡಕ ಅಂದಮೇಲೆ ನಾನು ಏನನ್ನೂ ಇಲ್ಲ ಅನ್ನಲ್ಲ. ಬೇರೆ ಕನೆಕ್ಷನ್ ತಗೊಳ್ಳಿ. ಗೋಡೆ ಮೇಲಕ್ಕೆತ್ತಿಸಿ."

ಸರ್ಕಾರಿ ಮೊಹರು ಬಿದ್ದಷ್ಟೇ ಆಯಿತು. ಸಂಜೆ ಮಾವನವರ ಮುಂದೆ ಪಂಚಾಯಿತಿ. ನಾನು ಕೂತು ಎಲ್ಲವನ್ನೂ ವಿವರಿಸಿದೆ. ಷಡ್ಡಕ ನಿಂತು ಕೇಳಿದ. ಅವನ ಮುಖದಲ್ಲಿ ನಿಜವಾದ ಗಾಬರಿಯಿತ್ತು.

"ಅಣ್ಣ, ನಂಗೆ ಗೊತ್ತಾಗದೆ ನಿಮ್ಮದು ನನ್ನ ಕಡೆ ಬಂದಿರಬಹುದು. ನಂಗೇನು ನೆನಪಿರತ್ತೆ? ಎಷ್ಟಿದ್ರೂ ವಾಪಸ್ ತಗೊಂಡ್ಬಿಡಿ," ಎಂದ.

ಒಬ್ಬ ಕಳ್ಳ ಇಷ್ಟು ಒಳ್ಳೆಯವನಾಗಿರುವುದು ಕೂಡ ಸಹಿಸುವ ಮಾತಲ್ಲ. ನಾದಿನಿ ಅಡುಗೆಮನೆಯ ಬಾಗಿಲಲ್ಲಿ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದಳು. "ಭಾವ, ಅದು ಯಾವ ಕಂಪ್ಯೂಟರಲ್ಲಿ ಕೂತಿದ್ಯೋ ಅದರಿಂದ ಎರವಲು ತಗೊಳ್ಳತ್ತೆ. ಗೋಡೆ ಹಾರಿ ಬರಲ್ಲ," ಎಂದಳು. ಮಾವನವರಿಗೆ ಕಂಪ್ಯೂಟರ್ ಗೊತ್ತಿಲ್ಲ, ಆದರೆ ಇಬ್ಬರು ಅಳಿಯಂದಿರು ಗೊತ್ತು. ನನ್ನನ್ನು ಒಮ್ಮೆ, ಅವನನ್ನು ಒಮ್ಮೆ ನೋಡಿ, "ಗೋಡೆ ಸೂರಿನ ತನಕ ಹಾಕಿಸ್ತೀನಿ. ನಂಗೆ ಊಟ ಮಾಡೋಕೆ ಬಿಡಿ," ಎಂದರು.

ಮರುದಿನವೇ ಬಡಗಿ ಬಂದ. ಹೊಡೆದ ಒಂದೊಂದು ಮೊಳೆಯ ಸದ್ದೂ ನನಗೆ ಸಂಗೀತದಂತೆ ಕೇಳಿತು. ಕೆಲಸ ಮುಗಿದಾಗ ಹಳೆಯ ವೈಫೈ ತಂತಿ ಹಾದುಹೋಗುತ್ತಿದ್ದ ಕಡೆ ಹೆಬ್ಬೆರಳಿನಷ್ಟು ಒಂದು ತೂತು ಉಳಿಯಿತು. ಫ್ಯಾನು ಅವನ ಕಡೆ ಉಳಿಯಿತು. ಅದನ್ನು ನಾನು ಗಮನಿಸಿದ್ದು ತಡವಾಗಿ.

ಆ ಮರುದಿನ ಬೆಳಿಗ್ಗೆ ಬಾಗಿಲು ತೆಗೆದೆ. ಗೋಡೆಯಾಚೆಯಿಂದ, ಮೆತ್ತಗೆ, ಆದರೆ ಸ್ಪಷ್ಟವಾಗಿ ಕೇಳಿಸಿತು. ಟಿಂಗ್. ನನ್ನ ಚುಕ್ಕೆಗಳು ಸುತ್ತುತ್ತಲೇ ಇದ್ದವು. ನಾನು ಆ ಸದ್ದನ್ನು ಕೇಳಿಲ್ಲವೆಂದು ತೀರ್ಮಾನಿಸಿ ಮೇಜು ಒರೆಸಿದೆ.

ಆದರೆ ಹತ್ತೂವರೆಯ ಹೊತ್ತಿಗೆ ಒಂದು ಅದ್ಭುತ ನಡೆಯಿತು. ಷಡ್ಡಕನ ಅಂಗಡಿಯ ಮುಂದೆ ಜನ ನಿಂತರು. ನಿಂತವರು ನಿಂತೇ ಇದ್ದರು. ಹೊರಗೆ ಬಂದು ಇಣುಕಿದೆ. ಕಂಪ್ಯೂಟರು ತಯಾರಾಗಿ ಕೂತಿತ್ತು. ಕೈ ಓಡದೆ ನಿಂತಿದ್ದವನು ಮಿಂಚು. ಯಾರ ಫೋಟೊ ಯಾರಿಗೆ, ಎಷ್ಟು ಕಾಪಿ, ಯಾವ ಅಳತೆ ಎಂದು ಒಂದೂ ಅವನಿಗೆ ತಿಳಿಯುತ್ತಿಲ್ಲ. ಅಭ್ಯಾಸಬಲದಿಂದ ಗೋಡೆಯ ಕಡೆ ಮುಖ ಎತ್ತಿ "ಅಣ್ಣ" ಎನ್ನುತ್ತಾನೆ, ಸೂರು ನೋಡುತ್ತಾನೆ, ಸುಮ್ಮನಾಗುತ್ತಾನೆ. ಆ ದಿನ ನಾನು ಎರಡು ಸಲ ಕಾಫಿ ತರಿಸಿಕೊಂಡು ಕುಡಿದೆ.

ಸುಖ ಮರುದಿನ ಮಧ್ಯಾಹ್ನದವರೆಗೆ ಉಳಿಯಿತು. ಅಷ್ಟರಲ್ಲಿ ಎದುರು ಅಂಗಡಿಯ ಟೈಲರ್ ಷಡ್ಡಕನ ಕೌಂಟರಿಗೆ ಮೊಣಕೈ ಊರಿ ನಿಂತಿರುವುದು ಕಂಡಿತು. ಷಡ್ಡಕ ಏನೋ ಕೇಳುತ್ತಾನೆ, ಟೈಲರ್ ತಲೆ ಕೆರೆದು ಏನೋ ಹೇಳುತ್ತಾನೆ.

"ಏನಯ್ಯಾ, ಅಂಗಡಿ ಬಿಟ್ಟು ಅಲ್ಲೇನು ಮಾಡ್ತಿದ್ದೆ?" ಎಂದು ಆಮೇಲೆ ತಡೆದು ಕೇಳಿದೆ.

"ಏನ್ ಮಾಡೋದು ಡೈರಿಯವರೇ, ನನ್ನ ಕೇಳ್ದೆ ಅವನಿಗೆ ಕೈಯೇ ಓಡಲ್ಲ," ಎಂದ ಅವನು ಎದೆಯುಬ್ಬಿಸಿ. "ಯಾರ್‍ಯಾರು ಏನೇನು ಹೇಳಿದ್ರು ಅಂತ ಎಲ್ಲ ನನ್ನನ್ನೇ ಕೇಳ್ತಾನೆ."

ಷಡ್ಡಕ ಎರವಲು ತೆಗೆದುಕೊಳ್ಳುವುದನ್ನು ಸಹಿಸಬಹುದು. ಇನ್ನೊಬ್ಬನ ಬಳಿ ಎರವಲು ತೆಗೆದುಕೊಳ್ಳುವುದೇ? ಅದೂ ಈ ಟೈಲರನ ಬಳಿ? ಹೋದ ವರ್ಷ ನನ್ನ ಪ್ಯಾಂಟಿನ ಅಳತೆಯನ್ನು ಇನ್ನೊಬ್ಬನದೆಂದು ತಿಳಿದು ಹೊಲಿದವನು ಇವನು. ಆ ಪ್ಯಾಂಟು ಇವತ್ತಿಗೂ ನನ್ನ ಮೊಣಕಾಲಿನ ಕೆಳಗೆ ಇಳಿಯುವುದಿಲ್ಲ. ರಾತ್ರಿ ಊಟ ಸೇರಲಿಲ್ಲ. ಹೆಂಡತಿ ಕಾರಣ ಕೇಳಿದಳು. ಹೇಳಲಿಲ್ಲ. ನನಗೆ ಮೊದಲು ಷಡ್ಡಕನ ಮೇಲಿದ್ದ ಹೊಟ್ಟೆಕಿಚ್ಚು ಈಗ ಟೈಲರನ ಮೇಲೆ ತಿರುಗಿದೆ ಎಂದು ಹೇಳುವುದು ಹೇಗೆ?

ಶನಿವಾರ ಬಂತು. ಹೆಡ್‌ಮಿಸ್ ಹೆಸರುಗಳ ಪಟ್ಟಿ ಹಿಡಿದು ಮೊದಲು ನನ್ನ ಅಂಗಡಿಗೆ ಬಂದು ಕೂತರು. ನಾನು ನನ್ನ ಪಾಲಿನ ತರಗತಿಯ ಪ್ರತಿ ಮಗುವಿನ ಮುಖ ನೋಡಿ ಹೆಸರನ್ನು ಅಪ್ಪನ ಕಸುಬು ಸಮೇತ ಹೇಳಿ ಕಾರ್ಡು ಮಾಡತೊಡಗಿದೆ. ಅವರಿಗೆ ತುಂಬ ಮೆಚ್ಚಿಗೆಯಾಯಿತು. ನಾಲ್ಕಾರು ಕಾರ್ಡು ಹೊರಬಂದವು. ಅಂಗಡಿಯಲ್ಲಿ ಗಾಳಿಯಿಲ್ಲ. ಹೆಡ್‌ಮಿಸ್ ಪಟ್ಟಿಯಿಂದ ಬೀಸಿಕೊಂಡರು. ನಾನು ಬೆವರಿದೆ. ಕಂಪ್ಯೂಟರು ನನಗಿಂತ ಹೆಚ್ಚು ಬೆವರಿರಬೇಕು. ಅದು ಒಮ್ಮೆ ನಿಟ್ಟುಸಿರು ಬಿಟ್ಟು ಕಪ್ಪಗಾಯಿತು. ಗುಂಡಿ ಒತ್ತಿದೆ. ಚುಕ್ಕೆಗಳು ಬಂದವು.

"ಇದು ಮುಗಿಯೋ ಹೊತ್ತಿಗೆ ಮಕ್ಕಳು ಪಾಸಾಗಿ ಹೋಗಿರ್ತಾರೆ," ಎಂದು ಹೆಡ್‌ಮಿಸ್ ಎದ್ದು ಪಕ್ಕದ ಅಂಗಡಿಗೆ ಹೋದರು.

ನಾನು ಗೋಡೆಗೆ ಕಿವಿ ಹಚ್ಚಿದೆ. ಹಚ್ಚಬಾರದೆಂದು ಮೊದಲು ಅಂದುಕೊಂಡೆ, ಆಮೇಲೆ ಹಚ್ಚಿದೆ.

ಷಡ್ಡಕನ ಬಳಿ ಎಲ್ಲ ಫೋಟೊಗಳೂ ಇದ್ದವು. ಒಳ್ಳೆಯ ಫೋಟೊಗಳು. ಕಣ್ಣು ಮುಚ್ಚಿದ ಮಗು ಒಂದೂ ಇಲ್ಲ. ಆದರೆ ಯಾವ ಮುಖಕ್ಕೆ ಯಾವ ಹೆಸರು ಎಂದು ಅವನು ಗುರುತು ಹಾಕಿಕೊಂಡಿರಲಿಲ್ಲ. ಫೋಟೊ ತೆಗೆದ ದಿನ ಗೋಡೆ ಇನ್ನೂ ತಲೆಯೆತ್ತರಕ್ಕಿತ್ತು. ಗುರುತು ಹಾಕುವುದು ಯಾಕೆ, ಆಚೆಗೆ ಅಣ್ಣ ಇದ್ದಾರಲ್ಲ ಎಂದುಕೊಂಡಿದ್ದ. ಹೆಡ್‌ಮಿಸ್ ಹೊಸಬರು. ಅವರಿಗೂ ಮುಖಗಳು ಗೊತ್ತಿಲ್ಲ.

"ಎರಡು ಜಡೆ ಇರೋ ಈ ಹುಡುಗಿ ಯಾರಪ್ಪ?" ಎಂದು ಅವರು ಕೇಳಿದ್ದು ಕೇಳಿಸಿತು.

ಷಡ್ಡಕ ಅವತ್ತೂ ಅಲ್ಲೇ ನಿಂತಿದ್ದ ಟೈಲರನ್ನು ಕೇಳಿದ. ಆಗ ಟೈಲರ್ ಗಂಟಲು ಸರಿಮಾಡಿಕೊಂಡು ಒಂದು ಹೆಸರು ಹೇಳಿದ. ಪ್ರಿಂಟರ್ ಸದ್ದು ಮಾಡಿತು. ಆಮೇಲೆ ಹೆಡ್‌ಮಿಸ್, "ಇದು ಹುಡುಗನ ಹೆಸರಲ್ವೇನ್ರೀ?" ಎಂದರು.

"ಈಗಿನ ಕಾಲದಲ್ಲಿ ಹೇಳೋಕಾಗಲ್ಲ ಮೇಡಂ," ಎಂದ ಟೈಲರ್.

"ಸಾಕು. ಬಸ್ ನಿಲ್ದಾಣದ ಅಂಗಡಿಗೇ ಹೋಗ್ತೀನಿ."

ಕುರ್ಚಿ ಸರಿದ ಸದ್ದಾಯಿತು. ನಾನು ಬಾಯಿ ಬಿಗಿಹಿಡಿದು ನಿಂತಿದ್ದೆ. ಆ ಎರಡು ಜಡೆಯವಳು ನನಗೆ ಚೆನ್ನಾಗಿ ಗೊತ್ತಿದ್ದಳು. ಫೋಟೊ ತೆಗೆಸಲು ಬಂದ ದಿನ ಆ ತರಗತಿಯ ಮಕ್ಕಳು ಹೊರಗಿನ ಬೆಂಚಿನ ಮೇಲೆ ಸಾಲಾಗಿ ಕೂತಿದ್ದಾಗ, ಷಡ್ಡಕ ಒಬ್ಬೊಬ್ಬರನ್ನು ಎಷ್ಟು ಬೇಗ ಮುಗಿಸುತ್ತಾನೆ ಎಂದು ಉರಿಗಣ್ಣಿನಿಂದ ನೋಡುತ್ತಾ ನಿಂತಿದ್ದವನು ನಾನು. ಪ್ರತಿ ಮಗು ಒಳಗೆ ಹೋಗಿ ಹೆಸರು ಹೇಳುವುದನ್ನು ಹಲಗೆಯ ಮೇಲಿಂದ ಕೇಳಿದ್ದೆ. ಪ್ರೀತಿಯಿಂದ ನೋಡಿದ್ದು ಮರೆತರೂ ಮರೆಯಬಹುದು, ಹೊಟ್ಟೆಕಿಚ್ಚಿನಿಂದ ನೋಡಿದ್ದು ನನಗೆ ಮರೆತದ್ದಿಲ್ಲ.

ಆರ್ಡರ್ ಹೋದರೆ ಅವನಿಗೂ ಹೋಗುತ್ತದೆ, ನನಗೂ ಹೋಗುತ್ತದೆ. ಸರಿಸಮ. ನನಗೆ ಸಮಾಧಾನವಾಗಬೇಕಿತ್ತು. ಆದರೆ ಟೈಲರ್ ಹೇಳಿದ ಆ ತಪ್ಪು ಹೆಸರು ಹಲ್ಲಿನ ಸಂದಿಗೆ ಸಿಕ್ಕಿದ ನಾರಿನಂತೆ ಕಾಡತೊಡಗಿತು. ಕಾಲು ತಾನಾಗಿಯೇ ಸ್ಟೂಲು ಹತ್ತಿತು. ಬಾಯಿ ತಾನಾಗಿಯೇ ಆ ತಂತಿಯ ತೂತಿಗೆ ಹೋಯಿತು. ಹುಡುಗಿಯ ನಿಜವಾದ ಹೆಸರು ಹೇಳಿದೆ.

ಆಚೆ ಕಡೆ ಕುರ್ಚಿ ಮತ್ತೆ ಸರಿದ ಸದ್ದಾಯಿತು.

"ಗೋಡೆ ಮಾತಾಡ್ತು," ಎಂದರು ಹೆಡ್‌ಮಿಸ್. ಪಟ್ಟಿ ನೋಡಿ, "ಈ ಹೆಸರು ಇಲ್ಲಿದೆ," ಎಂದರು.

"ಅಣ್ಣ," ಎಂದ ಷಡ್ಡಕ. ಅವನ ದನಿ ಎಷ್ಟು ಹಿಗ್ಗಿತ್ತೆಂದರೆ ನನಗೆ ಏನೋ ಆಯಿತು, ಏನೆಂದು ಹೇಳಲಾರೆ. "ಅಣ್ಣ, ಕಿವಿ ಅಗಲ ಇರೋ ಹುಡುಗ?"

ಹೇಳಿದೆ. ಪ್ರಿಂಟರ್ ಸದ್ದು.

"ಮುಂದಿನ ಹಲ್ಲು ಬಿದ್ದಿರೋನು?"

"ಹಲ್ಲು ಬಿದ್ದೋರು ಇಬ್ಬರಿದ್ದಾರೆ. ಕಾಲರ್ ಗುಂಡಿ ಹಾಕ್ಕೊಂಡಿದ್ದಾನಾ, ಇಲ್ವಾ?"

"ಹಾಕ್ಕೊಂಡಿದ್ದಾನೆ."

ಹೇಳಿದೆ. ಆಮೇಲೆ ಪ್ರಶ್ನೆ ಮುಗಿಯುವ ಮೊದಲೇ ಹೆಸರು, ಹೆಸರು ಮುಗಿಯುವ ಮೊದಲೇ ಕಾರ್ಡು. ಅವನ ಕೈ ಓಡುತ್ತಿತ್ತು, ನನ್ನ ಬಾಯಿ ಓಡುತ್ತಿತ್ತು. ಬೀದಿಯ ಜನ ಎರಡು ಗುಂಪಾಗಿ, ಅರ್ಧ ಅವನ ಬಾಗಿಲಲ್ಲಿ ಕಾರ್ಡು ಬೀಳುವುದನ್ನೂ, ಅರ್ಧ ನನ್ನ ಬಾಗಿಲಲ್ಲಿ ಸ್ಟೂಲಿನ ಮೇಲೆ ನಿಂತು ಗೋಡೆಗೆ ಮುತ್ತಿಡುವಂತೆ ಮಾತಾಡುವ ನನ್ನನ್ನೂ ನೋಡುತ್ತಿದ್ದರು. ನನ್ನ ಕಂಪ್ಯೂಟರಿನ ಚುಕ್ಕೆಗಳು ನಿಲ್ಲುವ ಹೊತ್ತಿಗೆ ಅವನ ಇಡೀ ತರಗತಿ ಮುಗಿದಿತ್ತು.

ಹೆಡ್‌ಮಿಸ್ ಹೊರಗೆ ಬಂದು, "ಆರ್ಡರ್ ಈ ಅಂಗಡಿಗೆ," ಎಂದು ಬಲಗಡೆ ತೋರಿಸಿದರು.

ನನ್ನ ಬಾಯಿಂದಲೇ ನನ್ನ ಆರ್ಡರನ್ನು ಎತ್ತಿ ಅವನಿಗೆ ಕೊಟ್ಟಿದ್ದೆ. ಹೊಟ್ಟೆಯ ಉರಿ ಗಂಟಲಿಗೆ ಬಂತು.

"ಆದ್ರೆ ಒಂದು ಮಾತು," ಎಂದರು ಅವರು. "ಆ ತೂತು ಮುಚ್ಚೋ ಹಾಗಿಲ್ಲ. ಮುಚ್ಚಿದ ದಿನ ಆರ್ಡರ್ ವಾಪಸ್."

ವಿಷಯ ಮಾವನವರ ಕಿವಿಗೆ ಬಿತ್ತು. ಅವರು ಬಡಗಿಯನ್ನು ಮತ್ತೆ ಕರೆಸಿದರು. "ತೂತು ಯಾಕೆ, ಇಡೀ ಗೋಡೇನೇ ತೆಗಿ. ನಂಗೆ ಒಂದೇ ಅಂಗಡಿ, ಒಂದೇ ಫ್ಯಾನು ಸಾಕು," ಎಂದರು. ನಾದಿನಿ ನನ್ನ ಹಳೆಯ ಕಂಪ್ಯೂಟರು ಬಿಚ್ಚಿ, ದುಬಾರಿ ಡ್ರೈವನ್ನು ತೆಗೆದು, "ನಮ್ಮವರ ಕಂಪ್ಯೂಟರಲ್ಲಿ ಇನ್ನೊಂದು ಜಾಗ ಖಾಲಿ ಇದೆ ಭಾವ. ಇಲ್ಲಿ ದಾರೀನೂ ಅಗಲ," ಎಂದು ಅಗ್ಗದ್ದರ ಪಕ್ಕದಲ್ಲೇ ಕೂರಿಸಿದಳು. ಈಗ ಒಂದೇ ಟಿಂಗ್. ಅದು ಅಗ್ಗದ್ದರಿಂದ ಬರುತ್ತದೋ ದುಬಾರಿಯದರಿಂದ ಬರುತ್ತದೋ ಎಂದು ಡಬ್ಬಕ್ಕೆ ಕಿವಿ ಹಚ್ಚಿ ಕೇಳಿದ್ದೇನೆ. ಗೊತ್ತಾಗುವುದಿಲ್ಲ. ಅಗ್ಗದ್ದರಿಂದ ಎಂದು ನಾದಿನಿ ಹೇಳುತ್ತಾಳೆ. ನಾನು ಆ ವಿಷಯ ಅವಳ ಬಳಿ ಮತ್ತೆ ಎತ್ತುವುದಿಲ್ಲ.

ನಿನ್ನೆ ಅಂಗಡಿ ತುಂಬ ಮಕ್ಕಳಿದ್ದರು. ಟೈಲರ್ ತನ್ನ ಬಾಗಿಲಲ್ಲಿ ನಿಂತು, ನಮ್ಮ ಗೋಡೆಯಿಂದ ಇಳಿಸಿದ ಹಲಗೆಯಲ್ಲಿ ಮಾಡಿಸಿದ ಹೊಸ ಕತ್ತರಿಸುವ ಮೇಜಿಗೆ ಒರಗಿ, ನಮ್ಮ ಕಡೆಯೇ ನೋಡುತ್ತಿದ್ದ. ಅವನ ನೋಟ ನನಗೆ ಗುರುತಿನದು. ಅಂಥ ಕಣ್ಣುಗಳನ್ನು ನಾನು ತಿಂಗಳುಗಟ್ಟಲೆ ನನ್ನ ಕನ್ನಡಿಯಲ್ಲಿ ನೋಡಿದ್ದೆ.

"ಅಣ್ಣ, ಕತ್ತರಿ ಎಲ್ಲಿಟ್ಟೆ ನಾನು?" ಎಂದ ಷಡ್ಡಕ, ಮೇಜಿನ ಮೇಲೆಲ್ಲ ತಡಕಾಡುತ್ತ.

ಅದು ಅವನ ಎಡಗೈಯಲ್ಲೇ ಇತ್ತು. ಮೆಲ್ಲಗೆ ಹೇಳಿದ್ದರೂ ಅವನಿಗೆ ಕೇಳಿಸುತ್ತಿತ್ತು. ಟೈಲರಿಗೂ ಕೇಳಿಸಲಿ ಎಂದು ಸ್ವಲ್ಪ ಜೋರಾಗಿ ಹೇಳಿದೆ.